ಕತ್ತರಿಸಿ ತೆಗೆದ ಕೆಮ್ಮು

ಕಾಕಾ ಅವರನ್ನು ನಾನು ಒಮ್ಮೆಯೂ ಭೇಟಿಯಾಗಲಿಲ್ಲ. ಆದರೂ ಮಾತು ಶುರುಮಾಡುವ ಮೊದಲು ಅವರು ಹೆಬ್ಬೆರಳಿನಿಂದ ಮೂಗಿನ ತುದಿ ಒತ್ತಿಕೊಳ್ಳುತ್ತಾರೆ, ಉತ್ತರ ಕೊಡಲು ಮನಸ್ಸಿಲ್ಲದಾಗ ಕಿಟಕಿಯ ಕಡೆ ನೋಡುತ್ತಾರೆ, ತಮ್ಮ ಊರಿನ ಹೆಸರು ಬಂದಾಗ ಎಡಗಣ್ಣನ್ನು ಮಾತ್ರ ಕಿರಿದು ಮಾಡುತ್ತಾರೆ ಎಂಬುದೆಲ್ಲ ನನಗೆ ಗೊತ್ತಿತ್ತು. ಸಾಕ್ಷ್ಯಚಿತ್ರಗಳ ಸಂಕಲನ ಮಾಡುವವರ ಪಾಡು ಇದೇ. ಒಬ್ಬರ ಮುಖವನ್ನು ತಿಂಗಳುಗಟ್ಟಲೆ, ದಿನಕ್ಕೆ ಆರೇಳು ಗಂಟೆ ನೋಡುತ್ತೇವೆ. ಅವರಿಗೆ ನಾವು ಯಾರೆಂದೇ ಗೊತ್ತಿರುವುದಿಲ್ಲ. ಕಾಕಾ ನನ್ನನ್ನು ನೋಡದೆಯೇ ಹೋದರು. ನಾನು ಅವರಿಗೆ ಏನು ಮಾಡಿದೆ ಎಂಬುದೂ ಅವರಿಗೆ ತಿಳಿಯಲಿಲ್ಲ. ಅದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಚಿತ್ರೀಕರಣಕ್ಕೆ ಸಣ್ಣ ಡಿವಿ ಟೇಪುಗಳನ್ನು ಬಳಸುತ್ತಿದ್ದ ಕೊನೆಯ ವರ್ಷಗಳವು. ಠಾಣೆ ಶಹರದ ವರ್ತಕ ನಗರದಲ್ಲಿ ನಮ್ಮ ಫ್ಲಾಟಿನ ಹಾಲನ್ನೇ ನಾನು ಎಡಿಟಿಂಗ್ ಕೋಣೆ ಮಾಡಿಕೊಂಡಿದ್ದೆ. ಹೊರಗಿನ ಸದ್ದು ಬಾರದಿರಲೆಂದು ಕಿಟಕಿಗಳಿಗೆ ಅಮ್ಮ ಹಳೆಯ ಸೀರೆಗಳಿಂದ ಹೊಲಿದ ಗೋಧಡಿಗಳನ್ನು ತೂಗುಹಾಕಿದ್ದೆ. ಆದರೂ ಪಕ್ಕದ ಮನೆಯ ಕುಕ್ಕರಿನ ಸೀಟಿ ಒಳಗೆ ಬರುತ್ತಲೇ ಇತ್ತು. ಬೆಳಗ್ಗೆ ಎಂಟಕ್ಕೆ ಕೂತರೆ ಕಟ್ಟಡದ ನೀರಿನ ಪಂಪು ಶುರುವಾಗುವವರೆಗೆ ಶಬ್ದದ ಕೆಲಸ, ಆಮೇಲೆ ಚಿತ್ರದ ಕೆಲಸ. ಮೂವತ್ತೆಂಟು ಟೇಪುಗಳನ್ನು ಚಪ್ಪಲಿಯ ಡಬ್ಬದಲ್ಲಿ ತುಂಬಿಕೊಂಡು ನಿರ್ದೇಶಕಿ ಬಂದದ್ದು ಆ ಕೋಣೆಗೆ. ಮೈಸೂರಿನವರು. ಬ್ಯಾಂಕಿನ ಕೆಲಸ ಬಿಟ್ಟು, ಪಕ್ಕದ ಐರೋಲಿಯಲ್ಲಿ ಒಂದು ನೆಲಮಹಡಿಯ ಕೋಣೆ ಹಿಡಿದು, ಎರಡು ವರ್ಷ ಈ ಒಂದೇ ವಿಷಯದ ಬೆನ್ನು ಹತ್ತಿದ್ದರು.

ವಿಷಯ ಇದು. ಠಾಣೆ-ಬೇಲಾಪುರ ರಸ್ತೆಯಲ್ಲಿ ಕುಲುಮೆಯ ಒಳಗೋಡೆಗೆ ಹಾಕುವ ಇಟ್ಟಿಗೆ ಮಾಡುವ ಕಾರ್ಖಾನೆಯೊಂದಿತ್ತು. ಮುಚ್ಚಿ ವರ್ಷಗಳಾಗಿದ್ದವು. ಅಲ್ಲಿ ಕಲ್ಲು ಅರೆಯುವ ವಿಭಾಗದಲ್ಲಿ ದುಡಿದವರ ಶ್ವಾಸಕೋಶಗಳೆಲ್ಲ ಒಂದೇ ಬಗೆಯಲ್ಲಿ ಕೆಟ್ಟಿದ್ದವು. ಇದು ದುಡಿಮೆಯಿಂದ ಬಂದ ಕಾಯಿಲೆಯೋ ಅಲ್ಲವೋ ಎಂದು ನಿರ್ಧರಿಸಲು ವೈದ್ಯರ ಮಂಡಳಿಯೊಂದು ಕೂಡುವುದಿತ್ತು. ಕಾರ್ಮಿಕರ ಸಂಘಟನೆಗೆ ಆ ಮಂಡಳಿಯ ಮುಂದೆ ತೋರಿಸಲು ಒಂದು ಚಿತ್ರ ಬೇಕಿತ್ತು. ಅದೇ ಚಿತ್ರವನ್ನು ಇಪ್ಪತ್ತಾರು ನಿಮಿಷಕ್ಕೆ ಇಳಿಸಿ ಕೊಟ್ಟರೆ ಪ್ರಸಾರ ಮಾಡುವುದಾಗಿ ಒಂದು ಚಾನೆಲ್ಲಿನವರೂ ಹೇಳಿದ್ದರು.

ಚಿತ್ರದ ನಡುವೆ ಕೂತವರು ಕಾಕಾ. ವಿಜಾಪುರದ ಕಡೆಯವರು, ಹತ್ತೊಂಬತ್ತು ವರ್ಷ ಕಲ್ಲು ಅರೆದವರು. ಕಾರ್ಖಾನೆ ಮುಚ್ಚಿದ ಮೇಲೆ ಕಲ್ಯಾಣ ದಾಟಿ ಟಿಟ್ವಾಳಾದಲ್ಲಿ ಮೂರನೆಯ ಮಹಡಿಯ ಒಂದೂವರೆ ಕೋಣೆಗೆ ಹೋಗಿದ್ದರು. ಅವರ ಬಗ್ಗೆ ಕಂಪನಿಯ ಡಾಕ್ಟರು ಬರೆದ ಒಂದು ಹಾಳೆ ಇತ್ತು. ಅದರಲ್ಲಿ ಎರಡು ಸಾಲು: ಆಯಾಸವಿಲ್ಲದೆ ಮಾತನಾಡುತ್ತಾರೆ, ಧೂಮಪಾನದ ಚಟವಿರುವ ಸಂಭವವಿದೆ. ಈ ಎರಡು ಸಾಲು ಸುಳ್ಳು ಎಂದು ತೋರಿಸುವುದೇ ನಮ್ಮ ಕೆಲಸ ಎಂದು ನಿರ್ದೇಶಕಿ ಮೊದಲ ದಿನವೇ ಹೇಳಿದ್ದರು.

ಇನ್ನೊಂದು ಮಾತನ್ನೂ ಹೇಳಿದ್ದರು. "ನೋಡ್ರೀ, ಕಾಕಾ ತುಂಬ ಕೆಮ್ತಾರೆ. ಅದನ್ನೆಲ್ಲ ಇಟ್ರೆ ಜನ ಮಾತು ಕೇಳಲ್ಲ, ಕೆಮ್ಮು ಕೇಳ್ತಾರೆ. ಅವರು ಗೌರವವಾಗಿ ಕಾಣ್ಬೇಕು."

"ಅದು ನನ್ನ ಮೇಲೆ ಬಿಡಿ ಮಾರಾಯ್ರೆ," ಎಂದೆ. "ಒಂದು ಉಸಿರೂ ಕೇಳ್ಲಿಕ್ಕಿಲ್ಲ."

ಇದು ಜಂಬದ ಮಾತೇ. ನನ್ನ ಕೈಯ ಬಗ್ಗೆ ನನಗೆ ಜಂಬವಿತ್ತು. ಡೊಂಬಿವಲಿಯ ನಮ್ಮ ಹಳೆಯ ಮನೆಯಲ್ಲಿ ಅಮ್ಮ ಮೊರದಲ್ಲಿ ಅಕ್ಕಿ ಹರಡಿ ಕಲ್ಲು ಆರಿಸುತ್ತಿದ್ದ ಹಾಗೆ ನಾನು ಮಾತಿನಿಂದ ಉಸಿರು, ತಡವರಿಕೆ, ಗಂಟಲು ಕೆರೆಯುವುದು ಎಲ್ಲವನ್ನೂ ಆರಿಸಿ ತೆಗೆಯುತ್ತಿದ್ದೆ. ನನ್ನ ಕತ್ತರಿ ಬಿದ್ದ ಜಾಗ ಕಿವಿಗೆ ಸಿಗುವುದಿಲ್ಲ ಎಂದು ನಾಲ್ಕು ಜನ ಹೇಳುತ್ತಿದ್ದರು. ಹೇಳದಿದ್ದರೆ ನಾನೇ ನೆನಪಿಸುತ್ತಿದ್ದೆ.

ಆಗಿನ ಕೆಲಸದ ಕ್ರಮವನ್ನು ಸ್ವಲ್ಪ ಹೇಳಬೇಕು, ತಪ್ಪು ಹುಟ್ಟಿದ್ದು ಅಲ್ಲಿಯೇ. ಒಂದು ಗಂಟೆಯ ಟೇಪನ್ನು ಕಂಪ್ಯೂಟರಿಗೆ ಇಳಿಸಲು ಒಂದು ಗಂಟೆಯೇ ಬೇಕು. ಡಿಸ್ಕಿನಲ್ಲಿ ಜಾಗ ಕಡಿಮೆ. ಆದ್ದರಿಂದ ಮೊದಲು ಟೇಪನ್ನು ಓಡಿಸುತ್ತ ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳುವುದು: ಇಷ್ಟು ನಿಮಿಷ ಇಷ್ಟು ಸೆಕೆಂಡಿನಿಂದ ಇಷ್ಟರವರೆಗೆ ಬೇಕು, ಉಳಿದದ್ದು ಬೇಡ. ಬೇಕಾದದ್ದನ್ನು ಮಾತ್ರ ಇಳಿಸುವುದು. ಕಾಕಾ ಅವರ ಕೆಮ್ಮು ಬಂದಲ್ಲೆಲ್ಲ ನಾನು 'ಕೆ' ಎಂದು ಬರೆದು ಅಡ್ಡಗೆರೆ ಹಾಕಿ ಟೇಪನ್ನು ಮುಂದಕ್ಕೆ ಓಡಿಸಿದೆ. ಕೆಮ್ಮು ಮುಗಿದು ಅವರ ತುಟಿ ಮತ್ತೆ ಮಾತಿಗೆ ತೆರೆಯುವುದು ಕಂಡಾಗ ನಿಲ್ಲಿಸುತ್ತಿದ್ದೆ. ಹೀಗೆ ಅವರ ಹನ್ನೊಂದು ಟೇಪುಗಳಲ್ಲಿ ಅರ್ಧದಷ್ಟು ನನ್ನ ಮನೆಯ ಕಂಪ್ಯೂಟರಿಗೆ ಬರಲೇ ಇಲ್ಲ.

ಬಂದದ್ದನ್ನು ಜೋಡಿಸಿದೆ. 'ನಾ ಒಂದ ಬೀಡಿನೂ ಸೇದಿದಾವ ಅಲ್ರಿ' ಎಂಬುದು ಚಿತ್ರದ ಮುಖ್ಯ ವಾಕ್ಯ. ಡಾಕ್ಟರರ ಹಾಳೆ ಪರದೆ ತುಂಬ ಬಂದು, ನಿರ್ದೇಶಕಿ ಆ ಎರಡು ಸಾಲು ಓದಿ ಮುಗಿಸಿದ ಕೂಡಲೇ ಕಾಕಾ ಈ ಮಾತು ಹೇಳಬೇಕು. ಟೇಪಿನಲ್ಲಿ ಅದು ತುಂಡುತುಂಡಾಗಿತ್ತು. 'ನಾ ಒಂದ' ಒಂದು ಕಡೆ, 'ಬೀಡಿನೂ' ಇನ್ನೊಂದು ಕಡೆ, ಉಳಿದದ್ದು ಮತ್ತೆಲ್ಲೋ. ಮೂರನ್ನೂ ಸೇರಿಸಿದೆ. ಮುಖ ಜಿಗಿಯುವುದು ಕಾಣದಿರಲೆಂದು ನಡುವೆ ಅವರ ಕೈಯ ಚಿತ್ರ ಹಾಕಿದೆ. ನಾಲ್ಕು ಸೆಕೆಂಡಿನ ಸೊಗಸಾದ ವಾಕ್ಯವಾಯಿತು. ಆ ದಿನ ಪೂರ್ತಿ ನಾನು ಖುಷಿಯಾಗಿದ್ದೆ.

ಉಸಿರು ತೆಗೆದ ಜಾಗವನ್ನು ಸುಮ್ಮನೆ ಖಾಲಿ ಬಿಡುವ ಹಾಗಿಲ್ಲ. ಪೂರ್ತಿ ನಿಶ್ಶಬ್ದ ಬಂದರೆ ಕಿವಿಗೆ ಗುಂಡಿಗೆ ಬಿದ್ದಂತಾಗುತ್ತದೆ. ಅದಕ್ಕೆಂದೇ ಚಿತ್ರೀಕರಣ ಮುಗಿದ ಮೇಲೆ ಎಲ್ಲರೂ ಸುಮ್ಮನಿದ್ದು, ಆ ಕೋಣೆಯ ಬರಿಯ ಸದ್ದನ್ನು ಒಂದು ನಿಮಿಷ ಹಿಡಿದಿಡುವ ಪದ್ಧತಿಯಿದೆ. ಟಿಟ್ವಾಳಾದ ಮನೆಯದ್ದೂ ಇತ್ತು. ಪಕ್ಕದ ಮನೆಯ ಮಿಕ್ಸರು, ನಲ್ಲಿಯ ಹನಿ, ದೂರದಲ್ಲಿ ಲೋಕಲ್ ಗಾಡಿ. ಶಬ್ದ ಹಿಡಿದವರು ಟೇಪಿನ ಚೀಟಿಯ ಮೇಲೆ ಬರೆದಿದ್ದರು: ಮಾತಾಡುವವರಿಗೆ ಸುಮ್ಮನಿರಲು ಆಗಲಿಲ್ಲ, ಮೆಟ್ಟಿಲ ಮೇಲೆ ಕೂರಿಸಿ ಬಂದು ತೆಗೆದದ್ದು. ಆ ಚೀಟಿಯನ್ನು ನಾನು ಓದಿದ್ದೆ. ಓದಿ ಬದಿಗಿಟ್ಟು, ಕಾಕಾ ಇಲ್ಲದ ಮನೆಯ ಆ ಸದ್ದನ್ನು ಅವರ ಮಾತುಗಳ ನಡುವೆ ನೂರಾರು ಕಡೆ ತುಂಬಿದೆ.

ಇಪ್ಪತ್ತಾರು ನಿಮಿಷದ ಚಿತ್ರ ಅಂತಿಮವಾಯಿತು. ಟೇಪುಗಳು ಚಪ್ಪಲಿಯ ಡಬ್ಬದಲ್ಲಿ ಐರೋಲಿಗೆ ವಾಪಸು ಹೋದವು. ಮಳೆಗಾಲ ಶುರುವಾಗಿ ಮೂರು ವಾರವಾಗಿತ್ತು, ನಾನು ಯಾವುದೋ ವಸತಿ ಸಮುಚ್ಚಯದ ಜಾಹೀರಾತು ಚಿತ್ರದ ಮೇಲೆ ಕೂತಿದ್ದೆ. ನಿರ್ದೇಶಕಿಯ ಫೋನು ಬಂತು.

"ಕಾಕಾ ಹೋಗ್ಬಿಟ್ರು ಕಣ್ರೀ. ಬೆಳಗ್ಗೆ."

ನಾನು ಜಾಹೀರಾತು ನಿಲ್ಲಿಸಿದೆ. ದುಃಖವಾಯಿತು, ಆದರೆ ಆ ದುಃಖವನ್ನು ಎಲ್ಲಿಗೆ ತೆಗೆದುಕೊಂಡು ಹೋಗುವುದೆಂದು ತಿಳಿಯಲಿಲ್ಲ. ಮಣ್ಣಿಗೆ ಹೋದರೆ ಯಾರೆಂದು ಹೇಳಿಕೊಳ್ಳಲಿ? ಹೋಗಲಿಲ್ಲ. ಅವರ ಒಂದು ತುಣುಕನ್ನು ತೆರೆದು, ಶಬ್ದ ಮುಚ್ಚಿ, ಸ್ವಲ್ಪ ಹೊತ್ತು ನೋಡಿ ಅತ್ತೆ.

ಚಿತ್ರದಲ್ಲಿ ಇರುವವರಿಗೆ ತೋರಿಸದೆ ಬೇರೆ ಯಾರಿಗೂ ತೋರಿಸಬಾರದೆಂಬುದು ನಿರ್ದೇಶಕಿಯ ನೇಮ. ಕಾಕಾ ಇಲ್ಲ, ಮನೆಯವರಿಗೆ ತೋರಿಸಬೇಕು. ತಿಂಗಳ ಕಾರ್ಯ ಮುಗಿದ ಮೇಲೆ, "ಒಬ್ಳಿಗೇ ಹೋಗೋಕೆ ಆಗ್ತಿಲ್ಲ, ನೀವೂ ಬನ್ನಿ" ಎಂದರು. ಹೀಗೆ ನಾನು ಒಂದು ಭಾನುವಾರ ಮಧ್ಯಾಹ್ನ ಟಿಟ್ವಾಳಾ ಲೋಕಲ್ ಹತ್ತಿದೆ. ಅಲ್ಲಿನ ಗಣಪತಿಯ ದರ್ಶನಕ್ಕೆ ಹೊರಟವರಿಂದ ಗಾಡಿಯ ಡಬ್ಬ ತುಂಬಿತ್ತು.

ಬಾಗಿಲು ತೆರೆದವರು ಕಾಕಾ ಅವರ ಹೆಂಡತಿ. ಎಲ್ಲರೂ ಕಾಕು ಎನ್ನುತ್ತಿದ್ದರು, ನಾನೂ ಹಾಗೇ ಅಂದೆ. ಒಳಗೆ ಕಾಲೇಜಿಗೆ ಹೋಗುವ ಮಗಳು ಡಿವಿಡಿ ಪ್ಲೇಯರಿನ ವೈರು ಸರಿಮಾಡುತ್ತಿದ್ದಳು. ಸೆಕೆಗೆ ಮೈ ಒದ್ದೆಯಾಗಿತ್ತು. ನಾನು ಯೋಚನೆಯೇ ಇಲ್ಲದೆ ಗೋಡೆಯ ಹತ್ತಿರ ಹೋಗಿ, ಕ್ಯಾಲೆಂಡರನ್ನು ಸರಿಸಿ, ಅದರ ಹಿಂದಿದ್ದ ಫ್ಯಾನಿನ ಸ್ವಿಚ್ ಹಾಕಿದೆ.

ಕಾಕು ನನ್ನನ್ನೇ ನೋಡಿದರು. "ನೀವು ಈ ಮನಿಗೆ ಮೊದ್ಲ ಬಂದಿದ್ರೇನ್ರಿ?"

"ಇಲ್ಲ ಕಾಕು. ಟೇಪಿನಲ್ಲಿ ನೋಡಿದ್ದೆ." ಶಬ್ದ ಹಿಡಿಯುವಾಗಲೆಲ್ಲ ಕಾಕಾ ಎದ್ದು ಅದೇ ಕ್ಯಾಲೆಂಡರ್ ಸರಿಸಿ ಫ್ಯಾನು ನಿಲ್ಲಿಸುತ್ತಿದ್ದರು.

"ಹಂಗಾರ ನಮ್ಮ ಮನಿ ನಿಮಗ ಪೂರಾ ಗೊತ್ತೈತಿ," ಎಂದರು. ಅದರಲ್ಲಿ ವ್ಯಂಗ್ಯವಿರಲಿಲ್ಲ, ನನಗೇ ನಾಚಿಕೆಯಾಯಿತು.

ಚಿತ್ರ ನೋಡುವಾಗ ನಾನು ಪರದೆಯನ್ನು ನೋಡಲಿಲ್ಲ, ಕಾಕು ಅವರ ಮುಖ ನೋಡುತ್ತಿದ್ದೆ. ಮೊದಲ ಹತ್ತು ನಿಮಿಷ ಅವರು ಸೆರಗನ್ನು ಬಾಯಿಗೊತ್ತಿ ಅಳುತ್ತಿದ್ದರು. ಆಮೇಲೆ ಅಳು ನಿಂತಿತು. ಹುಬ್ಬು ಗಂಟಾಯಿತು. ಅಪರಿಚಿತರು ಬಾಗಿಲಲ್ಲಿ ನಿಂತಾಗ ನೋಡುತ್ತಾರಲ್ಲ, ಹಾಗೆ ಟಿವಿಯನ್ನು ನೋಡತೊಡಗಿದರು. ಚಿತ್ರ ಮುಗಿಯಿತು. ಮಗಳು ಸದ್ದಾಗುತ್ತದೆಂದು ಫ್ಯಾನು ಆರಿಸಿದ್ದಳು. ಪಕ್ಕದ ಮನೆಯಲ್ಲಿ ಮಿಕ್ಸರು ತಿರುಗಿತು. ನಲ್ಲಿ ಹನಿಸಿತು. ದೂರದಲ್ಲಿ ಗಾಡಿ ಹೋಯಿತು. ಈ ಒಂದು ನಿಮಿಷ ನನಗೆ ಬಾಯಿಪಾಠವಾಗಿತ್ತು. ಕಾಕಾ ಬದುಕಿದ್ದಾಗಲೇ ಅವರನ್ನು ಹೊರಗೆ ಕೂರಿಸಿ ಹಿಡಿದ ಸದ್ದು ಈಗ ಈ ಮನೆಯ ನಿಜವಾದ ಸದ್ದಾಗಿತ್ತು.

ಅಪ್ಪ ಹೀಗೆ ಮಾತಾಡುತ್ತಿರಲಿಲ್ಲ ಎಂದು ಮಗಳು ಮೆಲ್ಲಗೆ ಹಿಂದಿಯಲ್ಲಿ ಹೇಳಿದಳು, "ಪಪ್ಪಾ ಐಸೇ ಬಾತ್ ನಹೀ ಕರ್ತೇ ಥೇ, ಆಂಟಿ."

"ಖರೇ ಐತಿ," ಎಂದರು ಕಾಕು. "ಇವರು ನಮ್ಮವ್ರ ಅಲ್ರಿ. ಮಾರಿ ನಮ್ಮವ್ರದು, ಮಾತು ನಮ್ಮವ್ರದು. ಮನಷ್ಯಾ ಬ್ಯಾರೆ. ಇಷ್ಟ ಸರಳ ಮಾತಾಡೂವಂಗ ಇದ್ರ ಅವ್ರ್ಯಾಕ ಸಾಯ್ತಿದ್ರು?"

ನಿರ್ದೇಶಕಿ ಏನೋ ಹೇಳಲು ಹೋದರು. ಕಾಕು ಕೈಯೆತ್ತಿ ತಡೆದರು. "ಸಿಟ್ಟಿಗೆ ಅನ್ನಂಗಿಲ್ರಿ ಬಾಯಾರ. ನೀವು ಭಾಳ ಕಷ್ಟಪಟ್ಟೀರಿ. ಆದ್ರ ಇದನ್ನ ಅಲ್ಲಿ ಡಾಕ್ಟರ ಮುಂದ ತೋರಸಬ್ಯಾಡ್ರಿ."

ವಾಪಸು ಬರುವಾಗ ಕಲ್ಯಾಣ ದಾಟಿದ ಮೇಲೆ ನಿರ್ದೇಶಕಿ ಕಿಟಕಿಯ ಕಡೆ ಮುಖ ಮಾಡಿಕೊಂಡೇ, "ದುಃಖದಲ್ಲಿದಾರೆ, ಅದಕ್ಕೆ ಹಾಗಂದ್ರು. ಸ್ವಲ್ಪ ದಿನ ಬಿಟ್ಟು ಮತ್ತೆ ಕೇಳೋಣ" ಎಂದರು. ನಾನು ತಲೆಯಾಡಿಸಿದೆ. ಎದುರು ಸೀಟಿನಲ್ಲಿ ಕೂತ ಮುದುಕರೊಬ್ಬರು ಏನೋ ಹೇಳುವ ಮೊದಲು ಉಸಿರೆಳೆದುಕೊಂಡರು. ಆ ಸದ್ದು ಕಿವಿಗೆ ಬಿತ್ತು. ಡೊಂಬಿವಲಿ ಬರುವ ಹೊತ್ತಿಗೆ ಡಬ್ಬದಲ್ಲಿದ್ದ ಎಲ್ಲರ ಉಸಿರೂ ನನಗೆ ಬೇರೆಬೇರೆಯಾಗಿ ಕೇಳುತ್ತಿತ್ತು.

ಮರುದಿನ ಬೆಳಗ್ಗೆ ಎಡಿಟಿಂಗ್ ಕೋಣೆಯಲ್ಲಿ ಕೂತು ಬೀಡಿಯ ಮಾತಿನ ಆ ಒಂದು ಜಾಗವನ್ನು ಮಾತ್ರ ಹಾಕಿದೆ. ಪರದೆಯ ಮೇಲೆ ಕಂಪನಿ ಡಾಕ್ಟರರ ಹಾಳೆ. ಆಯಾಸವಿಲ್ಲದೆ ಮಾತನಾಡುತ್ತಾರೆ. ಕೂಡಲೇ ಕಾಕಾ, ನಾಲ್ಕು ಸೆಕೆಂಡಿನಲ್ಲಿ, ಒಂದೇ ಉಸಿರಿನಲ್ಲಿ, ಆಯಾಸವಿಲ್ಲದೆ: 'ನಾ ಒಂದ ಬೀಡಿನೂ ಸೇದಿದಾವ ಅಲ್ರಿ.' ಮತ್ತೆ ಹಾಕಿದೆ. ಆರೇಳು ಸಲ ಹಾಕಿದೆ. ಕಂಪನಿಯವರು ನನ್ನನ್ನು ಕೆಲಸಕ್ಕಿಟ್ಟುಕೊಂಡಿದ್ದರೂ ಇದಕ್ಕಿಂತ ಚೆನ್ನಾಗಿ ಅವರ ಮಾತನ್ನು ನಿಜ ಮಾಡಿಕೊಡಲು ನನಗೆ ಆಗುತ್ತಿರಲಿಲ್ಲ.

ನಿರ್ದೇಶಕಿಗೆ ಫೋನು ಮಾಡಿ, ಎಲ್ಲ ಟೇಪುಗಳೂ ಮತ್ತೆ ಬೇಕು ಎಂದೆ. ಮಂಡಳಿ ಕೂಡಲು ಐದು ವಾರ ಉಳಿದಿತ್ತು. ಅವರಿಗೆ ಒಪ್ಪಿಗೆಯಿರಲಿಲ್ಲ, ಆದರೂ ತಂದುಕೊಟ್ಟರು.

ಹಳೆಯ ನೋಟ್‌ಬುಕ್ಕನ್ನು ಮುಂದಿಟ್ಟುಕೊಂಡು ಕೆಲಸ ತಿರುವುಮುರುವಾಗಿ ಶುರುಮಾಡಿದೆ. ಈ ಸಲ 'ಕೆ' ಎಂದು ಅಡ್ಡಗೆರೆ ಹಾಕಿದ ಜಾಗಗಳನ್ನೇ ಹುಡುಕಿ ಇಳಿಸುವುದು. ನೂರ ಅರವತ್ತಮೂರು ಇದ್ದವು. ಮುಂದಕ್ಕೆ ಓಡಿಸದೆ, ಹೆಡ್‌ಫೋನ್ ಹಾಕಿಕೊಂಡು ಒಂದೊಂದನ್ನೂ ಪೂರ್ತಿ ಕೇಳಿದೆ. ಎಲ್ಲ ಕೆಮ್ಮೂ ಒಂದೇ ಎಂದುಕೊಂಡಿದ್ದೆ. ಹಾಗಿರಲಿಲ್ಲ. ಬೆಳಗಿನದು ಒದ್ದೆ, ಮಧ್ಯಾಹ್ನದ್ದು ಒಣ. ಕೆಲವು ಸಲ ಕೆಮ್ಮು ಬರುವ ಮೊದಲೇ ಅವರಿಗೆ ತಿಳಿಯುತ್ತಿತ್ತು, ಮಾತನ್ನು ಬೇಗಬೇಗ ಮುಗಿಸಲು ನೋಡುತ್ತಿದ್ದರು. ಹೆಡ್‌ಫೋನ್ ತೆಗೆದ ಮೇಲೂ ಎರಡು ವಾರ ಆ ಸದ್ದು ಹೋಗಲಿಲ್ಲ. ಅಡುಗೆಮನೆಯಲ್ಲಿ ನಿಂತಾಗ, ಸ್ಟೇಷನ್ ಸೇತುವೆಯ ಮೇಲೆ, ನನ್ನದೇ ಉಸಿರಿನ ಹಿಂದೆ ಇನ್ನೊಂದು ಉಸಿರು ಎಳೆದ ಹಾಗೆ. ಎರಡು ಸಲ ತಿರುಗಿ ನೋಡಿದ್ದೇನೆ. ಹೆದರಿದ್ದೆ ಎಂದು ಹೇಳಲು ಸಂಕೋಚವಿಲ್ಲ.

ಆಗ ಇನ್ನೊಂದು ವಿಷಯ ಕಂಡಿತು. ಪ್ರತಿ ಕೆಮ್ಮಿಗೂ ಚೌಕಟ್ಟಿನ ಎಡಗಡೆಯಿಂದ ಒಂದು ಕೈ ಬರುತ್ತಿತ್ತು. ಹಸಿರು ಬಳೆಯ ಕೈ, ಸ್ಟೀಲಿನ ಲೋಟ, ಲೋಟದಲ್ಲಿ ನೀರು. ಲೋಟದ ಅಂಚು ಒಂದು ಕಡೆ ನೆಗ್ಗಿತ್ತು. ಕಾಕಾ ಅದನ್ನು ಹಿಡಿದು, ನೆಗ್ಗಿದ ಕಡೆ ತುಟಿಗೆ ಬಾರದ ಹಾಗೆ ಸ್ವಲ್ಪ ತಿರುಗಿಸಿ, ಎರಡು ಗುಟುಕು ಕುಡಿದು ವಾಪಸು ಕೊಡುತ್ತಿದ್ದರು. ಕೈ ಹೋಗುತ್ತಿತ್ತು. ಕ್ಯಾಮೆರಾ ಒಮ್ಮೆಯೂ ಆ ಕಡೆ ತಿರುಗಿರಲಿಲ್ಲ. ಇಪ್ಪತ್ತಾರು ನಿಮಿಷದ ಚಿತ್ರದಲ್ಲಿ ಕಾಕು ಒಂದು ಕ್ಷಣವೂ ಇರಲಿಲ್ಲ. ಕೆಮ್ಮಿನ ಜೊತೆಗೆ ಅವರನ್ನೂ ನಾನು ತೆಗೆದುಹಾಕಿದ್ದೆ.

ಹದಿನೇಳನೆಯ ಟೇಪು ತೊಂದರೆ ಕೊಟ್ಟಿತು. ಬೀಡಿಯ ಮಾತು ಇದ್ದದ್ದು ಅದರಲ್ಲೇ. ಐರೋಲಿಯ ನೆಲಮಹಡಿಯ ತೇವಕ್ಕೆ ಟೇಪಿನ ಮೇಲೆ ಬೂಷ್ಟು ಹಿಡಿದಿತ್ತು. ಓಡಿಸಿದರೆ ಚಿತ್ರ ಚೌಕಚೌಕವಾಗಿ ಒಡೆಯುತ್ತಿತ್ತು, ಆಮೇಲೆ ಯಂತ್ರವೇ ನಿಂತುಬಿಡುತ್ತಿತ್ತು. ಸ್ವಚ್ಛ ಮಾಡುವ ಕ್ಯಾಸೆಟ್ ಹಾಕಿ ನೋಡಿದೆ, ಟೇಪನ್ನು ಪೂರ್ತಿ ಮುಂದಕ್ಕೂ ಹಿಂದಕ್ಕೂ ಓಡಿಸಿ ನೋಡಿದೆ. ಆಗಲಿಲ್ಲ. ಕೊನೆಗೆ ಕಲ್ಯಾಣದಲ್ಲಿ ಮದುವೆ ವಿಡಿಯೊದವರ ಕ್ಯಾಮೆರಾ ರಿಪೇರಿ ಮಾಡುವ ಒಬ್ಬರ ಹತ್ತಿರ ಒಯ್ದೆ. ಅವರು ಸಣ್ಣ ಸ್ಕ್ರೂಗಳನ್ನು ಬಿಚ್ಚಿ, ಟೇಪಿನ ಸುರುಳಿಯನ್ನು ಹೊರತೆಗೆದು, ಒಣ ಬಟ್ಟೆಯಿಂದ ಗೇಣುಗೇಣಾಗಿ ಒರೆಸಿದರು. ಮೂರು ತಾಸು ಅವರ ಪಕ್ಕದ ಸ್ಟೂಲಿನ ಮೇಲೆ ಕೂತಿದ್ದೆ.

"ಕ್ಯಾ ಹೈ ಇಸ್ ಮೇ, ಮ್ಯಾಡಮ್? ಶಾದಿ?" ಯಾರದೋ ಮದುವೆಯ ಟೇಪೆಂದುಕೊಂಡು ಕೇಳಿದರು.

"ಏಕ್ ಆದ್ಮಿ ಕೀ ಖಾಂಸಿ," ಎಂದೆ, ಒಬ್ಬ ಮನುಷ್ಯನ ಕೆಮ್ಮು. ಅವರು ನನ್ನ ಮುಖ ನೋಡಿ ಮತ್ತೆ ಏನೂ ಕೇಳದೆ ಒರೆಸಿದರು. ಟೇಪನ್ನು ಬೇರೆ ಕ್ಯಾಸೆಟ್ಟಿನ ಕವಚಕ್ಕೆ ಸೇರಿಸಿ ಕೊಟ್ಟರು. ಅಲ್ಲಲ್ಲಿ ಕೆಲವು ಸೆಕೆಂಡು ಚಿತ್ರ ಹೋಗಿತ್ತು, ಉಳಿದದ್ದೆಲ್ಲ ಬಂತು.

ಬೀಡಿಯ ಮಾತನ್ನು ಕಾಕಾ ಮುಗಿಸಲು ತೆಗೆದುಕೊಂಡದ್ದು ಒಂದು ನಿಮಿಷ ಐವತ್ತು ಸೆಕೆಂಡು. ಅದು ಮುಗಿದ ಮೇಲೂ ಟೇಪು ಓಡುತ್ತಿತ್ತು. ನನ್ನ ನೋಟ್‌ಬುಕ್ಕಿನಲ್ಲಿ ಆ ಭಾಗಕ್ಕೆ 'ಕೆ, ಬೇಡ' ಎಂದಷ್ಟೇ ಇತ್ತು. ಈ ಸಲ ಪೂರ್ತಿ ನೋಡಿದೆ. ಕಾಕಾ ಲೋಟ ವಾಪಸು ಕೊಟ್ಟು, ಬಾಯಿ ಒರೆಸಿಕೊಂಡು, ಕ್ಯಾಮೆರಾದ ಪಕ್ಕ ಕೂತ ನಿರ್ದೇಶಕಿಯನ್ನು ಕೇಳಿದರು.

"ಅಕ್ಕಾರ, ಈ ಕೆಮ್ಮಿದ್ದೂ ಅದರಾಗ ಬರ್ತೈತೇನ್ರಿ? ತಗದ ಬಿಡ್ರಿ. ಛಲೋ ಕಾಣಂಗಿಲ್ಲ."

ನಿರ್ದೇಶಕಿಯ ಧ್ವನಿ: "ಆಯ್ತು ಕಾಕಾ, ಎಡಿಟಿಂಗಲ್ಲಿ ತೆಗೀತಾರೆ."

"ಯಾರ್ರಿ ಅವರು?"

"ಠಾಣೆಯಲ್ಲಿ ಒಬ್ರು ಇದಾರೆ."

ಕಾಕಾ ಹೆಬ್ಬೆರಳಿನಿಂದ ಮೂಗಿನ ತುದಿ ಒತ್ತಿಕೊಂಡರು. "ಅವರಿಗೂ ನಮಸ್ಕಾರ ಹೇಳ್ರಿ. ನಂದು ಅವರಿಗೆ ಕೆಲಸ ಜಾಸ್ತಿ ಆಗ್ತೈತಿ," ಎಂದು ನಕ್ಕು ನೇರವಾಗಿ ಕ್ಯಾಮೆರಾವನ್ನು ನೋಡಿದರು.

ನಾನು ಹೆಡ್‌ಫೋನ್ ಕಿತ್ತಿಟ್ಟು ಎದ್ದು ಹೋದೆ. ಗೋಧಡಿ ಸರಿಸಿ ಕಿಟಕಿಯಲ್ಲಿ ನಿಂತುಕೊಂಡೆ. ತಿಂಗಳುಗಟ್ಟಲೆ ನಾನು ನೋಡುತ್ತಿದ್ದ ಕಾಕಾ ಒಂದೇ ಒಂದು ಸಲ ನನ್ನನ್ನು ನೋಡಿದ್ದರು, ಆ ಹೊತ್ತಿನಲ್ಲಿ ನಾನು ಟೇಪು ಮುಂದಕ್ಕೆ ಓಡಿಸುತ್ತಿದ್ದೆ.

ನಿರ್ದೇಶಕಿ ಬಂದು ಇದನ್ನು ನೋಡಿ, "ನೋಡಿದ್ರಾ, ಅವರೇ ಹೇಳಿದಾರೆ. ಸತ್ತವರ ಮಾತು ಮೀರಿ ಅವರು ಒದ್ದಾಡೋದನ್ನ ತೋರಿಸೋಕೆ ನಮಗೇನು ಹಕ್ಕಿದೆ?" ಎಂದು ಕೇಳಿದರು. ಅವರ ಪ್ರಶ್ನೆ ಸರಿಯಾಗಿಯೇ ಇತ್ತು. ಚಾನೆಲ್ಲಿನ ಚಿಂತೆಯೂ ಅವರಿಗಿತ್ತು, ಕೆಮ್ಮು ಸೇರಿಸಿದರೆ ಚಿತ್ರ ನಲವತ್ತು ನಿಮಿಷ ದಾಟುತ್ತಿತ್ತು. ಆದರೆ ಅಂದು ಅವರು ಆಡಿದ್ದು ಚಾನೆಲ್ಲಿನ ಮಾತಲ್ಲ. ಕಾಕಾ ಕೇಳಿದ್ದನ್ನು ಮಾಡಿಕೊಟ್ಟರೆ ಅವರ ಕಾಯಿಲೆಯೇ ಸುಳ್ಳಾಗುತ್ತದೆ. ಮಾಡದಿದ್ದರೆ ಅವರ ಮಾತು ಮುರಿದಂತಾಗುತ್ತದೆ. ಎರಡು ದಿನ ತಲೆ ಕೆಡಿಸಿಕೊಂಡ ಮೇಲೆ, ಇದನ್ನು ತೀರ್ಮಾನಿಸುವವರು ನಾವಿಬ್ಬರೂ ಅಲ್ಲ ಎಂದೆ. ಕೆಮ್ಮನ್ನೂ ಕೈಯನ್ನೂ ಸೇರಿಸಿ, ಒಳಗೆ ತುಂಬಿದ್ದ ಆ ಖಾಲಿ ಮನೆಯ ಸದ್ದನ್ನು ಒಂದೊಂದಾಗಿ ತೆಗೆದು, ನಲವತ್ತೊಂದು ನಿಮಿಷದ ಚಿತ್ರ ಮಾಡುತ್ತೇನೆ. ಕಾಕಾ ಕೇಳಿಕೊಂಡದ್ದನ್ನು ಬೇರೆಯಾಗಿ ಮೊದಲು ಕಾಕು ಅವರಿಗೆ ತೋರಿಸೋಣ. ಕಾಕು ಬೇಡವೆಂದರೆ ಅಲ್ಲಿಗೆ ಮುಗಿಯಿತು, ಮಂಡಳಿಗೆ ಚಿತ್ರವೇ ಇಲ್ಲ ಎಂದೂ ಹೇಳಿದೆ. ನಿರ್ದೇಶಕಿ "ಆಯ್ತು" ಎಂದರು.

ಮಂಡಳಿಯಲ್ಲಿ ಏನಾಯಿತೆಂದು ಇಲ್ಲೇ ಹೇಳಿಬಿಡುತ್ತೇನೆ, ನನಗೆ ಈ ಕೆಲಸ ಮುಗಿದದ್ದು ಅಲ್ಲಲ್ಲ. ಬೀಡಿಯ ಮಾತು ನಡೆಯುತ್ತಿದ್ದಾಗ ಕಂಪನಿಯ ಪರವಾಗಿ ಬಂದವರು ಸ್ವಲ್ಪ ಮುಂದಕ್ಕೆ ಓಡಿಸಬಹುದೇ ಎಂದು ಕೇಳಿದರಂತೆ. ಹಿರಿಯ ವೈದ್ಯರೊಬ್ಬರು ಬೇಡ, ಇರಲಿ ಎಂದರಂತೆ. ಡಾಕ್ಟರರ ಆ ಹಳೆಯ ಹಾಳೆಯನ್ನು ಪಕ್ಕಕ್ಕಿಟ್ಟು ಉಳಿದ ಕಾರ್ಮಿಕರೆಲ್ಲರನ್ನೂ ಹೊಸದಾಗಿ ತಪಾಸಣೆ ಮಾಡಬೇಕೆಂದಾಯಿತು. ಪೂರ್ತಿ ಗೆಲುವಲ್ಲ, ಬಾಗಿಲು ತೆರೆಯಿತು ಅಷ್ಟೆ. ಚಾನೆಲ್ಲಿನವರು ಚಿತ್ರವನ್ನು ತೆಗೆದುಕೊಳ್ಳಲಿಲ್ಲ.

ಎರಡನೆಯ ಸಲ ಟಿಟ್ವಾಳಾಕ್ಕೆ ಹೋದದ್ದೂ ಭಾನುವಾರವೇ. ಮಗಳು ಕ್ಲಾಸಿಗೆ ಹೋಗಿದ್ದಳು. ಕಾಕು ನಮ್ಮಿಬ್ಬರನ್ನು ಕೂರಿಸಿ ತಾವು ನೆಲದ ಮೇಲೆ ಗೋಡೆಗೊರಗಿ ಕೂತರು. ಕಾಕಾ ಕೆಮ್ಮು ತೆಗೆಯಿರೆಂದು ಕೇಳಿಕೊಂಡ ತುಣುಕನ್ನು ಮೊದಲು ಹಾಕಿದೆ. ನಮಸ್ಕಾರ ಹೇಳಿದ್ದೂ ಅದರಲ್ಲಿತ್ತು. ಕಾಕು ಅದನ್ನು ನೋಡಿ ನನ್ನ ಕಡೆ ತಿರುಗಿದರು.

"ಅವ್ರು ನಿಮಗ ಹೇಳ್ಯಾರ್ರಿ ಇದನ್ನ?"

"ಹೌದು ಕಾಕು. ನಾನು ಆಗ ಕೇಳ್ಲಿಲ್ಲ. ಈಗ ಕೇಳಿದೆ. ಹಾಗಾಗಿ ನಿಮ್ಮ ಹತ್ರ ಬಂದದ್ದು."

ಅವರು ಸ್ವಲ್ಪ ಹೊತ್ತು ಬಳೆ ತಿರುಗಿಸುತ್ತ ಕೂತರು. ಕೈಯಲ್ಲಿ ಈಗ ಹಸಿರು ಬಳೆಗಳಿರಲಿಲ್ಲ, ಒಂದು ಸ್ಟೀಲಿನ ಬಳೆಯಿತ್ತು. "ಅವ್ರಿಗೇನ್ರಿ, ನಾಚಿಕಿ. ಮಂದಿ ಮುಂದ ಕೆಮ್ಮಾಕ ನಾಚ್ತಿದ್ರು. ಕೆಮ್ಮಾವ್ರು ಅವ್ರು, ಕೇಳಾಕಿ ನಾ ಇದ್ದೆ. ಹನ್ನೆರಡು ವರ್ಷ ಕೇಳೇನಿ. ನನ್ನ ಕೇಳಿದ್ರ ಇರ್ಲಿ ಅಂತೀನಿ. ಹಚ್ಚರಿ, ನೋಡೂಣು."

ಚಿತ್ರ ಹಚ್ಚಿದೆ. ಕಂಪನಿಯ ಹಾಳೆ ಬಂತು, ಎರಡು ಸಾಲುಗಳ ಓದು ಮುಗಿಯಿತು. ಕಾಕಾ ಮೂಗಿನ ತುದಿ ಒತ್ತಿಕೊಂಡರು. 'ನಾ ಒಂದ' ಎಂದರು. ಉಸಿರು ಸಿಕ್ಕಿಹಾಕಿಕೊಂಡಿತು, ಕುತ್ತಿಗೆಯ ನರ ಉಬ್ಬಿತು, ಕೆಮ್ಮು ಶುರುವಾಯಿತು. ಆ ಚಿಕ್ಕ ಮನೆಯ ತುಂಬ ಅದೇ ಆಯಿತು.

ಕಾಕು ಎದ್ದರು. ಅಳುತ್ತ ಒಳಗೆ ಹೋದರೆಂದು ನಾವು ತಿಳಿದುಕೊಂಡೆವು, ನಿರ್ದೇಶಕಿ ನಿಲ್ಲಿಸಿ ಎಂದು ನನಗೆ ಸನ್ನೆ ಮಾಡಿದರು. ನಾನು ನಿಲ್ಲಿಸುವಷ್ಟರಲ್ಲಿ ನೀರಿನ ಕೊಡದ ಮುಚ್ಚಳ ತೆಗೆದ ಸದ್ದು ಕೇಳಿತು. ಕಾಕು ಲೋಟದಲ್ಲಿ ನೀರು ಹಿಡಿದುಕೊಂಡು ಬೇಗಬೇಗ ಬಂದು ಟಿವಿಯ ಎಡಗಡೆ ನಿಂತರು. ಅದೇ ಹೊತ್ತಿಗೆ ಪರದೆಯ ಎಡಗಡೆಯಿಂದ ಹಸಿರು ಬಳೆಯ ಕೈ ಬಂತು. ಕಾಕಾ ಲೋಟ ತೆಗೆದುಕೊಂಡರು, ತಿರುಗಿಸಿ ಹಿಡಿದರು, ಎರಡು ಗುಟುಕು ಕುಡಿದರು. 'ಬೀಡಿನೂ' ಎಂದರು.

ಕಾಕು ಅಲ್ಲಿಯೇ ನಿಂತಿದ್ದರು. ಮಾತು ಪೂರ್ತಿ ಮುಗಿಯುವವರೆಗೆ, ಒಂದು ನಿಮಿಷ ಐವತ್ತು ಸೆಕೆಂಡು, ಲೋಟ ಹಿಡಿದ ಕೈ ಮುಂದೆ ಚಾಚಿಯೇ ಇತ್ತು. ಆಮೇಲೆ ಲೋಟವನ್ನು ನೋಡಿಕೊಂಡರು. ಯಾರಿಗೆ ಕೊಡುವುದೆಂದು ತಿಳಿಯದೆ ಸುತ್ತ ನೋಡಿ ನನ್ನ ಹತ್ತಿರ ಬಂದರು.

"ಇವ್ರು ನಮ್ಮವ್ರು," ಎಂದರು. "ತೋರಸ್ರಿ ಅವ್ರಿಗೆ. ತಗೋರಿ, ನೀರ ಕುಡೀರಿ ನೀವು."

ಎರಡೂ ಕೈ ಚಾಚಿ ಲೋಟ ತೆಗೆದುಕೊಂಡೆ. ನೆಗ್ಗಿದ ಅಂಚು ನನ್ನ ಕಡೆಗೇ ಇತ್ತು. ಅದು ತುಟಿಗೆ ಬಾರದ ಹಾಗೆ ಸ್ವಲ್ಪ ತಿರುಗಿಸಿ ಹಿಡಿದು ಕುಡಿದೆ.